ಕಾಲ-ನಾದ ಮಂತ್ರವಿದ್ಯೆಯ ಕಲ್ಪಿತ ಕೋಶ ಕಟ್ಟುವ ಕ್ರಮ: ಅಳತೆಪಟ್ಟಿಯಿಂದ ಅಡಿಟಿಪ್ಪಣಿಯವರೆಗೆ

ಹುಬ್ಬಳ್ಳಿ-ಧಾರವಾಡ, ಗದಗ, ಹಾವೇರಿ ಸೀಮೆಯಲ್ಲಿ ನಡೆಯುವ ಮಾಂತ್ರಿಕ ಕಾದಂಬರಿಗೋ ಆಟಕ್ಕೋ ಒಂದು ಹಳೆಯ ವಿದ್ವತ್ ಗ್ರಂಥ ಬೇಕಾಗುತ್ತದೆ. ನಾದದಿಂದ ಕಾಲವನ್ನು ತಡೆಯುವ, ಹಿಗ್ಗಿಸುವ, ಕದಿಯುವ ವಿದ್ಯೆಯ ಕೋಶ ಅದು. ಬರೆಯಲು ಕೂತವರು ಹತ್ತು ನಮೂದು ಚೆನ್ನಾಗಿಯೇ ಬರೆಯುತ್ತಾರೆ. ಇಪ್ಪತ್ತನೆಯದರ ಹೊತ್ತಿಗೆ ಕೋಶ ತನ್ನ ಮಾತನ್ನೇ ಸುಳ್ಳು ಮಾಡತೊಡಗುತ್ತದೆ. ಒಂದು ಕಡೆ ಗಳಿಗೆ ಎಂದರೆ ಅರ್ಧ ತಾಸು, ಇನ್ನೊಂದು ಕಡೆ ಕ್ಷಣ. ಹತ್ತನೆಯ ಶತಮಾನದ ಓಲೆಯಲ್ಲಿ ಇಂದಿನ ಕನ್ನಡ. ನಡುರಾತ್ರಿಯ ಕ್ರಿಯೆಗೆ ಸೂರ್ಯೋದಯದ ಭೈರವ ರಾಗ.

ಕಾರಣ ಹೆಚ್ಚಾಗಿ ಒಂದೇ: ಎಲ್ಲರೂ ಕಥೆಯಿಂದ ಶುರು ಮಾಡುತ್ತಾರೆ, ಕೊನೆಗೆ ಅಳತೆಗೆ ಬರುತ್ತಾರೆ. ಕೋಶವನ್ನು ನಂಬಿಸುವುದು ಅಳತೆ. ಅದು ಮೊದಲು ಕೂತರೆ ನಮೂದುಗಳು ತಾವಾಗಿ ಹುಟ್ಟುತ್ತವೆ. ಆದ್ದರಿಂದ ಕೆಳಗಿನ ಹಂತಗಳನ್ನು ಇದೇ ಕ್ರಮದಲ್ಲಿ ಮಾಡಿ.

ಬೇಕಾಗುವ ಸಾಮಾನು

ಒಂದು ಸ್ಥಳೀಯ ಪಂಚಾಂಗ, ಸ್ಟಾಪ್‌ವಾಚ್ ಇರುವ ಮೊಬೈಲ್, ಶ್ರುತಿ ತೋರಿಸುವ ಯಾವುದಾದರೂ ಟ್ಯೂನರ್ ಆ್ಯಪ್, ಸುಮಾರು 300 ಮಿ.ಲೀ. ಹಿಡಿಯುವ ತಾಮ್ರದ ಅಥವಾ ಸ್ಟೀಲಿನ ಬಟ್ಟಲು, ಅದು ಪೂರ್ತಿ ಮುಳುಗುವಷ್ಟು ಆಳದ ಬಕೆಟ್. ಬರವಣಿಗೆಗೆ ಒಂದು ಸ್ಪ್ರೆಡ್‌ಶೀಟ್ ಮತ್ತು ಗಟ್ಟಿ ಕಾಗದದ ಕಾರ್ಡುಗಳು. ಕಾರ್ಡು ಬೇಡ, ಕಂಪ್ಯೂಟರ್ ಸಾಕು ಅನ್ನುವವರು ಆರನೆಯ ಹಂತದಲ್ಲಿ ಸಿಕ್ಕಿಬೀಳುತ್ತಾರೆ. ನಮೂದುಗಳನ್ನು ನೆಲದ ಮೇಲೆ ಹರಡಿ ನೋಡದೆ ‘ನೋಡಿ’ ಸೂಚನೆಗಳ ಜಾಲ ಕಣ್ಣಿಗೆ ಕಾಣುವುದಿಲ್ಲ.

ಹಂತ 1: ಒಂದು ನಿಯಮ, ಒಂದು ಬೆಲೆ

ವಿದ್ಯೆಯ ನಿಯಮವನ್ನು ಎರಡೇ ವಾಕ್ಯದಲ್ಲಿ ಬರೆಯಿರಿ. ಈ ಬರಹದ ಉದ್ದಕ್ಕೂ ಬಳಸುವ ಮಾದರಿ ಇದು: ‘ತಂತಿಯ ನಾದ ಎಣಿಕೆ ತಪ್ಪದೆ ನಡೆಯುವಷ್ಟು ಹೊತ್ತು, ಅದು ಕೇಳಿಸುವಷ್ಟು ಜಾಗದಲ್ಲಿ ಕಾಲ ನಿಲ್ಲುತ್ತದೆ. ನಿಂತಷ್ಟು ಕಾಲವನ್ನು ನುಡಿಸಿದವರು ಮುಂದಿನ ಜಾವದಲ್ಲಿ ಕಳೆದುಕೊಳ್ಳುತ್ತಾರೆ.’

ಮೊದಲ ವಾಕ್ಯ ಶಕ್ತಿ, ಎರಡನೆಯದು ಬೆಲೆ. ಬೆಲೆಯನ್ನು ಅಳೆಯಲು ಬರಬೇಕು. ‘ಆಯುಷ್ಯ ಕಡಿಮೆಯಾಗುತ್ತದೆ’ ಎಂದು ಬರೆದರೆ ಎಷ್ಟು ಎಂಬ ಪ್ರಶ್ನೆಗೆ ಉತ್ತರವಿರುವುದಿಲ್ಲ. ಉತ್ತರವಿಲ್ಲದ ಕಡೆ ಪ್ರತಿ ನಮೂದೂ ತನಗೆ ತೋಚಿದ್ದು ಹೇಳುತ್ತದೆ. ಮೂರನೆಯ ವಾಕ್ಯ ಬೇಕೆನಿಸಿದರೆ ನಿಯಮ ಇನ್ನೂ ಹಣ್ಣಾಗಿಲ್ಲ ಎಂದೇ ಅರ್ಥ.

ಹಂತ 2: ಕಾಲದ ಅಳತೆಪಟ್ಟಿ

ಗಡಿಯಾರದ ಗಂಟೆ-ನಿಮಿಷ ಕೋಶದೊಳಗೆ ಬರಬಾರದು, ಆದರೆ ನಿಮ್ಮ ಸ್ಪ್ರೆಡ್‌ಶೀಟಿನಲ್ಲಿ ಇರಲೇಬೇಕು. ಮೂಲ ಪಟ್ಟಿ ಸರಳ: ಸೂರ್ಯೋದಯದಿಂದ ಮರುಸೂರ್ಯೋದಯಕ್ಕೆ 60 ಗಳಿಗೆ. ಒಂದು ಗಳಿಗೆ 24 ನಿಮಿಷ. ಗಳಿಗೆಯ ಅರವತ್ತನೆಯ ಒಂದು ಪಾಲು ವಿಘಟಿ, ಅಂದರೆ 24 ಸೆಕೆಂಡು. ಎರಡು ಗಳಿಗೆ ಒಂದು ಮುಹೂರ್ತ, 48 ನಿಮಿಷ. ದಿನಕ್ಕೆ ಎಂಟು ಜಾವ: ಹಗಲಿಗೆ ನಾಲ್ಕು, ರಾತ್ರಿಗೆ ನಾಲ್ಕು.

ಎಲ್ಲರೂ ಜಾರುವ ಜಾಗ ಈ ಜಾವವೇ. ಜಾವ ಅಂದರೆ ಮೂರು ತಾಸು ಎಂದು ಬರೆದು ಮುಂದೆ ಹೋಗುತ್ತಾರೆ. ಹಗಲನ್ನೇ ನಾಲ್ಕು ಭಾಗ ಮಾಡುವುದಾದರೆ ಜಾವ ಋತುವಿನ ಜೊತೆ ಹಿಗ್ಗುತ್ತದೆ, ಕುಗ್ಗುತ್ತದೆ. ಧಾರವಾಡದ ಅಕ್ಷಾಂಶದಲ್ಲಿ ಜೂನ್ ಕೊನೆಯ ಹಗಲು ಸುಮಾರು 13 ತಾಸು, ಡಿಸೆಂಬರ್ ಕೊನೆಯದು ಸುಮಾರು 11 ತಾಸು 12 ನಿಮಿಷ. ಹಾಗಾಗಿ ಹಗಲಿನ ಜಾವ ಜೂನ್‌ನಲ್ಲಿ 3 ತಾಸು 15 ನಿಮಿಷ, ಡಿಸೆಂಬರ್‌ನಲ್ಲಿ 2 ತಾಸು 48 ನಿಮಿಷ. ಒಂದು ಜಾವಕ್ಕೆ 27 ನಿಮಿಷದ, ಅಂದರೆ ಒಂದು ಗಳಿಗೆಗೂ ಮೀರಿದ ವ್ಯತ್ಯಾಸ. ನಮ್ಮ ಮಾದರಿ ನಿಯಮದಲ್ಲಿ ಬೆಲೆ ಕಟ್ಟುವುದು ‘ಮುಂದಿನ ಜಾವದಲ್ಲಿ’. ಚಳಿಗಾಲದ ಹಗಲಿನಲ್ಲಿ ಎರಡು ಮುಹೂರ್ತ ಕಾಲ ತಡೆದವನಿಗೆ ಬೆಲೆ ಕೊಟ್ಟಮೇಲೆ ಉಳಿಯುವ ಜಾವ ಬೇಸಿಗೆಗಿಂತ ಬಹಳ ಕಿರಿದು. ಈ ಒಂದು ಲೆಕ್ಕದಿಂದಲೇ ನಾಲ್ಕೈದು ನಿಷೇಧಗಳ ನಮೂದು ಬರೆಯಬಹುದು.

ಎರಡನೆಯ ಬಲೆ ನೆತ್ತಿಯ ಸೂರ್ಯ. ಭಾರತದ ಗಡಿಯಾರ 82.5 ಡಿಗ್ರಿ ರೇಖಾಂಶದ್ದು. ಧಾರವಾಡ ಇರುವುದು ಸುಮಾರು 75 ಡಿಗ್ರಿಯಲ್ಲಿ. ಡಿಗ್ರಿಗೆ ನಾಲ್ಕು ನಿಮಿಷದಂತೆ ನಮ್ಮ ಸೂರ್ಯ ಗಡಿಯಾರಕ್ಕಿಂತ ಅರ್ಧ ತಾಸು ಹಿಂದೆ. ಗದಗಿನಲ್ಲಿ ಈ ಅಂತರ 27-28 ನಿಮಿಷ. ಇದರ ಮೇಲೆ ವರ್ಷದೊಳಗಿನ ಏರಿಳಿತ ಬೇರೆ ಇದೆ: ಧಾರವಾಡದ ನಿಜವಾದ ನಡುಹಗಲು ಫೆಬ್ರವರಿ ಮಧ್ಯದಲ್ಲಿ 12.44ರ ಸುಮಾರು, ನವೆಂಬರ್ ಮೊದಲಲ್ಲಿ 12.14ರ ಸುಮಾರು. ಗಂಟೆ ಹನ್ನೆರಡಕ್ಕೆ ಪಾತ್ರದ ನೆರಳು ಕಾಲಡಿಗೆ ಬಂತು ಎಂದು ಬರೆದರೆ, ಹೊಲದಲ್ಲಿ ನೆರಳು ನೋಡಿ ಬುತ್ತಿ ಬಿಚ್ಚುವವರು ತಪ್ಪನ್ನು ತಕ್ಷಣ ಹಿಡಿಯುತ್ತಾರೆ.

ಹಂತ 3: ಗಳಿಗೆ ಬಟ್ಟಲನ್ನು ನಿಜವಾಗಿ ಮಾಡಿ ನೋಡಿ

ಇದನ್ನು ಬಿಟ್ಟು ಮುಂದೆ ಹೋಗಬೇಡಿ. ತಳದಲ್ಲಿ ಸಣ್ಣ ತೂತಿರುವ ಬಟ್ಟಲನ್ನು ನೀರಿನ ಮೇಲೆ ತೇಲಿಬಿಟ್ಟರೆ ನೀರು ನಿಧಾನ ಒಳಗೇರಿ, ಒಂದು ಗಳಿಗೆಗೆ ಬಟ್ಟಲು ಮುಳುಗುತ್ತದೆ. ಗಡಿಯಾರ ಬರುವ ಮುಂಚೆ ಮುಹೂರ್ತ ನೋಡುತ್ತಿದ್ದುದು ಹೀಗೆಯೇ.

300 ಮಿ.ಲೀ. ಬಟ್ಟಲಿಗೆ ತೂತು ಒಂದು ಮಿಲಿಮೀಟರ್ ಆಸುಪಾಸು ಬೇಕಾಗುತ್ತದೆ; ಬಟ್ಟಲಿನ ತೂಕದ ಮೇಲೆ ಹೆಚ್ಚು ಕಡಿಮೆ. ತೂತನ್ನು ಬೇಕಾದ್ದಕ್ಕಿಂತ ಸಣ್ಣದಾಗಿ ಹಾಕಿಸಿ, ಮುಳುಗುವ ಹೊತ್ತು ಅಳೆದು, ಸೂಜಿಮೊನೆಯ ಅರದಿಂದ ಕೂದಲೆಳೆಯಷ್ಟು ಹಿಗ್ಗಿಸುತ್ತ ಬನ್ನಿ. ಮೊದಲೇ ದೊಡ್ಡದು ಮಾಡಿದರೆ ಬಟ್ಟಲು ಕೆಟ್ಟಂತೆ. ತೂತು ತಳದ ನಟ್ಟನಡುವೆ ಇರಬೇಕು. ಬಟ್ಟಲು ಒಂದು ಬದಿಗೆ ವಾಲಿದರೆ ಅಂಚಿನಿಂದ ನೀರು ನುಗ್ಗಿ ಹೊತ್ತಿಗೆ ಮುಂಚೆ ಮುಳುಗುತ್ತದೆ. ನೀರನ್ನು ಬಟ್ಟೆಯಲ್ಲಿ ಸೋಸಿ, ಯಾಕೆಂದರೆ ಒಂದು ಕಸದ ಎಳೆ ತೂತಿಗೆ ಅಡ್ಡ ಕೂತರೂ ಗಳಿಗೆ ಒಂದೂವರೆಯಾಗುತ್ತದೆ. ತಣ್ಣೀರು ಬೆಚ್ಚಗಿನ ನೀರಿಗಿಂತ ಮಂದ, ಹಾಗಾಗಿ ಚಳಿಗಾಲದ ಬೆಳಗಿನ ಗಳಿಗೆ ಸ್ವಲ್ಪ ಉದ್ದ.

ಮುಳುಗುವ ಕೊನೆಯ ಹೊತ್ತನ್ನು ಕಣ್ಣಿಟ್ಟು, ಕಿವಿಗೊಟ್ಟು ನೋಡಿ. ಅಂಚು ನೀರಿನ ಮಟ್ಟಕ್ಕೆ ಬಂದಾಗ ಬಟ್ಟಲು ಒಂದು ಚಣ ತಡೆಯುತ್ತದೆ, ಸುತ್ತಲಿನ ನೀರು ಉಬ್ಬಿದಂತೆ ಕಾಣುತ್ತದೆ, ಆಮೇಲೆ ಗುಳುಕ್ ಎಂದು ಒಳಗಿಳಿದು ಬಕೆಟ್ಟಿನ ತಳಕ್ಕೆ ಬಡಿಯುತ್ತದೆ. ಕಾಲ ಮುಗಿದ ಸದ್ದು ಅದು. ಕಾಲ ಮತ್ತು ನಾದ ಒಂದೇ ವಸ್ತುವಿನಲ್ಲಿ ಕೂಡುವ ಇಂಥ ಜಾಗ ಕಲ್ಪನೆಗೆ ಸಿಗುವುದು ಅಪರೂಪ. ಕೋಶದ ಕನಿಷ್ಠ ಮೂರು ನಮೂದು ಈ ಸದ್ದಿನಿಂದ ಹುಟ್ಟಬೇಕು: ಆ ತಡೆಯುವ ಚಣಕ್ಕೊಂದು ಹೆಸರು, ಗುಳುಕಿಗೊಂದು, ತಳ ಬಡಿಯುವುದಕ್ಕೊಂದು.

ಹಂತ 4: ನಾದದ ಅಳತೆ

ನಾದವನ್ನು ‘ಮಧುರ’, ‘ಗಂಭೀರ’ ಎಂದು ಬಣ್ಣಿಸಿದರೆ ಕೋಶ ಆಗುವುದಿಲ್ಲ. ಎಣಿಸಬೇಕು. ಎಣಿಸಲು ಮೂರು ದಾರಿಗಳಿವೆ.

ಮೊದಲನೆಯದು ಮಿಡಿತ. ಶ್ರುತಿ ತುಸು ತಪ್ಪಿದ ಎರಡು ತಂತಿಗಳನ್ನು ಒಟ್ಟಿಗೆ ಮೀಟಿದರೆ ನಾದ ಅಲೆಅಲೆಯಾಗಿ ಏರಿಳಿಯುವುದು ತಂಬೂರಿ ಕೂಡಿಸಿದವರಿಗೆಲ್ಲ ಗೊತ್ತು. ಒಂದು ತಂತಿ ಸೆಕೆಂಡಿಗೆ 139 ಸಲ, ಇನ್ನೊಂದು 138 ಸಲ ಕಂಪಿಸಿದರೆ ಸೆಕೆಂಡಿಗೆ ಒಂದು ಮಿಡಿತ. ಒಂದು ಗಳಿಗೆಗೆ 1440 ಮಿಡಿತ. ಈಗ ಬಿಸಿಲಿಗೆ ಎರಡನೆಯ ತಂತಿ ಸಡಿಲಾಗಿ 137.5ಕ್ಕೆ ಇಳಿಯಿತು ಎನ್ನಿ. ಮಿಡಿತ ಸೆಕೆಂಡಿಗೆ ಒಂದೂವರೆಯಾಯಿತು. 1440 ಎಣಿಸಿ ಗಳಿಗೆ ಮುಗಿಯಿತೆಂದು ಕೈ ಎತ್ತಿದವಳು ನಿಜಕ್ಕೂ 16 ನಿಮಿಷಕ್ಕೇ ಕೈ ಎತ್ತಿರುತ್ತಾಳೆ. ಕಳೆದುಹೋದ ಎಂಟು ನಿಮಿಷದಲ್ಲಿ ನಿಮ್ಮ ಕಾದಂಬರಿಯ ಅನಾಹುತ ನಡೆಯಬಹುದು. ಕಾಲವನ್ನೂ ನಾದವನ್ನೂ ಬೆಸೆಯುವುದಕ್ಕೆ ಇದಕ್ಕಿಂತ ಗಟ್ಟಿ ಕೊಂಡಿ ಬೇರೆ ಸಿಗದು. ಕೋಶದ ಬೆನ್ನೆಲುಬಾಗಿ ಇದನ್ನೇ ಇಟ್ಟುಕೊಳ್ಳಿ.

ಎರಡನೆಯದು ಮಾತ್ರೆ, ಅಂದರೆ ಒಂದು ಹ್ರಸ್ವ ಅಕ್ಷರ ನುಡಿಯುವ ಹೊತ್ತು. ಗದುಗಿನ ಕುಮಾರವ್ಯಾಸ ಬಳಸಿದ ಭಾಮಿನಿ ಷಟ್ಪದಿಯಲ್ಲಿ 1, 2, 4, 5ನೆಯ ಸಾಲುಗಳಿಗೆ ತಲಾ 14 ಮಾತ್ರೆ. 3 ಮತ್ತು 6ನೆಯ ಸಾಲಿಗೆ 21 ಮಾತ್ರೆ, ಮೇಲೊಂದು ಗುರು (ಎರಡು ಮಾತ್ರೆಯ ಅಕ್ಷರ), ಅಂದರೆ 23. ಪದ್ಯಕ್ಕೆ ಒಟ್ಟು 102 ಮಾತ್ರೆ. ಸೆಕೆಂಡಿಗೆ ಎರಡು ಮಾತ್ರೆಯಂತೆ ನಿಲ್ಲದೆ ಓದಿದರೆ ಪದ್ಯಕ್ಕೆ 51 ಸೆಕೆಂಡು. ಒಂದು ಗಳಿಗೆಗೆ 28 ಪದ್ಯ ಹಿಡಿದು 12 ಸೆಕೆಂಡು ಉಳಿಯುತ್ತದೆ, ಸರಿಯಾಗಿ ಅರ್ಧ ವಿಘಟಿ. ಪದ್ಯದಿಂದ ತುಂಬದ ಆ ಅರ್ಧ ವಿಘಟಿಯಲ್ಲಿ ಏನಾಗುತ್ತದೆ ಎಂಬುದನ್ನು ಕೋಶ ಹೇಳಲೇಬೇಕು. ಮಂತ್ರಗಳನ್ನು ಷಟ್ಪದಿಯಲ್ಲಿ ಬರೆಯುವವರು ಪ್ರಸ್ತಾರ ಹಾಕಿ, ಅಂದರೆ ಅಕ್ಷರಗಳಿಗೆ ಲಘು-ಗುರು ಗುರುತು ಹಾಕಿ, ಮಾತ್ರೆ ನೋಡಿಕೊಳ್ಳಿ. ಮೂರು-ನಾಲ್ಕು ಮಾತ್ರೆಯ ಗಣ ಒಂದೇ ಕಡೆ ಒಡೆದರೂ ಈ ಸೀಮೆಯ ಗಮಕ (ಕಾವ್ಯವಾಚನ) ಕೇಳಿದ ಕಿವಿಗೆ ಕಲ್ಲು ಸಿಕ್ಕಂತಾಗುತ್ತದೆ.

ಮೂರನೆಯದು ದೂರ. ಗಾಳಿಯಲ್ಲಿ ಸದ್ದಿನ ವೇಗ 20 ಡಿಗ್ರಿ ಉಷ್ಣತೆಯಲ್ಲಿ ಸೆಕೆಂಡಿಗೆ 343 ಮೀಟರ್. ಪ್ರತಿ ಡಿಗ್ರಿಗೆ 0.6 ಮೀಟರ್ ಏರುತ್ತದೆ. 17 ಮೀಟರ್ ಆಚೆಯ ಗೋಡೆಗೆ ಹೊಡೆದ ಚಪ್ಪಾಳೆ ಸೆಕೆಂಡಿನ ಹತ್ತನೆಯ ಒಂದು ಪಾಲಿನಲ್ಲಿ ಮರಳುತ್ತದೆ. ಅದಕ್ಕಿಂತ ಹತ್ತಿರವಾದರೆ ಮಾರ್ದನಿ ಬೇರೆಯಾಗಿ ಕೇಳುವುದು ಕಷ್ಟ. ಕಿರಿದಾದ ಬಾವಿಯೊಳಗೆ ಅಡ್ಡ ನಿಂತ ಪಾತ್ರಕ್ಕೆ ಎದುರು ಗೋಡೆಯಿಂದ ಪ್ರತಿಯೊಂದು ಅಕ್ಷರವೂ ಸ್ಪಷ್ಟವಾಗಿ ಮರಳಿತು ಎಂದು ಬರೆಯಬೇಡಿ. ಅಲ್ಲಿ ಸಿಗುವುದು ಗುಂಯ್‌ಗುಡುವ ಅನುರಣನ.

ರಾಗದ ವೇಳೆಯ ವಿಷಯದಲ್ಲಿ ಎಚ್ಚರ ಬೇಕು. ಹಿಂದೂಸ್ತಾನಿ ಪದ್ಧತಿಯಲ್ಲಿ ರಾಗಕ್ಕೆ ಜಾವ ಉಂಟು, ಮತ್ತು ಧಾರವಾಡ ಸೀಮೆ ಹಿಂದೂಸ್ತಾನಿಯ ಸೀಮೆ. ಸೂರ್ಯೋದಯಕ್ಕೆ ಭೈರವ, ಹಗಲಿನ ಎರಡನೆಯ ಜಾವಕ್ಕೆ ತೋಡಿ, ನಡುಹಗಲಿಗೆ ಸಾರಂಗ, ಇಳಿಹೊತ್ತಿಗೆ ಭೀಮಪಲಾಸ, ಮುಸ್ಸಂಜೆಗೆ ಮಾರವಾ, ರಾತ್ರಿಯ ಮೊದಲ ಜಾವಕ್ಕೆ ಯಮನ್, ಎರಡನೆಯದಕ್ಕೆ ಬಿಹಾಗ, ನಡುರಾತ್ರಿ ಮೀರಿದ ಮೇಲೆ ಮಾಲಕಂಸ, ನಸುಕಿಗೆ ಲಲಿತ. ಕರ್ನಾಟಕ ಸಂಗೀತದ ಹೆಸರುಗಳನ್ನು ಇದೇ ಪಟ್ಟಿಗೆ ಬೆರೆಸಬೇಡಿ; ಹಿಂದೂಸ್ತಾನಿಯ ಭೈರವಿಯೂ ಕರ್ನಾಟಕದ ಭೈರವಿಯೂ ಒಂದಲ್ಲ.

ಚರ್ಮವಾದ್ಯಗಳಿಗೆ ಬೇರೆ ನಿಯಮ ಹಾಕಿ. ಹೋಳಿ ಹುಣ್ಣಿಮೆಯ ಹಲಗೆಯನ್ನು ಬೆಂಕಿಗೆ ಹಿಡಿದು ಬಿಗಿ ಮಾಡುವುದನ್ನು ಹುಬ್ಬಳ್ಳಿಯ ಓಣಿಗಳಲ್ಲಿ ಎಲ್ಲರೂ ನೋಡಿದ್ದಾರೆ. ಚರ್ಮ ತೇವ ಹೀರಿದರೆ ಸಡಿಲಾಗಿ ಸದ್ದು ಇಳಿಯುತ್ತದೆ. ಚಕ್ಕಡಿಯ ಗಾಲಿಗೆ ಎಮ್ಮೆಯ ಚರ್ಮ ಹೊದಿಸಿದ ಜಗ್ಗಲಿಗೆಯೂ ಹಾಗೆಯೇ. ಮಳೆಗಾಲದ ಕ್ರಿಯೆಗೆ ಹಲಗೆ ಹೇಳುವ ಕೋಶ ಬೆಂಕಿಯನ್ನೂ ಹೇಳಬೇಕು.

ಹಂತ 5: ಆಕರಗಳ ಪದರ ಮತ್ತು ಕಾಲನಿರ್ದೇಶ

ನಿಮ್ಮ ಕೋಶ ಯಾವ ಕಾಲದ್ದೆಂದು ಹೇಳಿಕೊಳ್ಳುತ್ತದೆ ಎಂಬುದನ್ನು ಈಗ ತೀರ್ಮಾನಿಸಿ, ಏಕೆಂದರೆ ನಮೂದುಗಳ ಜೋಡಣೆ ಆ ಕಾಲದ ಮೇಲೆ ನಿಂತಿದೆ. ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರನ ಹೆಸರಿನ 12ನೆಯ ಶತಮಾನದ ಮಾನಸೋಲ್ಲಾಸ ಐದು ವಿಂಶತಿಗಳಲ್ಲಿ, ತಲಾ 20ರಂತೆ 100 ಅಧ್ಯಾಯಗಳಲ್ಲಿ ವಿಷಯವಾರು ನಡೆಯುತ್ತದೆ. ಕಿಟ್ಟೆಲ್ ನಿಘಂಟು 1894ರದು, ಅದು ಅಕಾರಾದಿ. ಚಾಲುಕ್ಯರ ಕಾಲದ ಕೋಶ ಎನ್ನುತ್ತ ಅಕಾರಾದಿ ಜೋಡಿಸಿದರೆ ಮೊದಲ ಪುಟದಲ್ಲೇ ಸುಳ್ಳು ಸಿಕ್ಕಿಬೀಳುತ್ತದೆ. ಸುಲಭದ ದಾರಿ ಎಂದರೆ ಒಳಗಿನ ಮೂಲ ಹಳೆಯದು ಮತ್ತು ವಿಷಯವಾರು, ಹೊರಗಿನ ಸಂಪಾದನೆ 20ನೆಯ ಶತಮಾನದ್ದು ಮತ್ತು ಅಕಾರಾದಿ.

ಶಕವರ್ಷಕ್ಕೆ 78 ಕೂಡಿದರೆ ಕ್ರಿಸ್ತಶಕ. ಸಂವತ್ಸರಕ್ಕೆ ಶಕವರ್ಷಕ್ಕೆ 12 ಕೂಡಿ 60ರಿಂದ ಭಾಗಿಸಿ, ಶೇಷವನ್ನು ಪ್ರಭವದಿಂದ ಎಣಿಸಿ. ಶೇಷ ಸೊನ್ನೆಯಾದರೆ ಅಕ್ಷಯ. ತಾಳೆ ನೋಡಲು: ಶಕ 1947ಕ್ಕೆ ಶೇಷ 39, ವಿಶ್ವಾವಸು. ಗದಗ ಸುತ್ತಿನ ಶಾಸನಗಳ ಧಾಟಿ ಬೇಕಿದ್ದರೆ ದೊರೆ ಆರನೆಯ ವಿಕ್ರಮಾದಿತ್ಯನ ಹೆಸರಿನ ಚಾಲುಕ್ಯ ವಿಕ್ರಮ ವರ್ಷ ಬಳಸಿ. ಅದರ ಮೊದಲ ವರ್ಷ ಶಕ 998, ಕ್ರಿ.ಶ. 1076, ನಳ ಸಂವತ್ಸರ. 37ನೆಯ ವರ್ಷವೆಂದರೆ ಶಕ 1034, ಶೇಷ 26, ನಂದನ. ವರ್ಷ ಒಂದು, ಸಂವತ್ಸರ ಇನ್ನೊಂದು ಆದರೆ ಶಾಸನ ಓದಿ ಅಭ್ಯಾಸವಿದ್ದವರು ಅಲ್ಲಿಗೇ ಪುಸ್ತಕ ಮುಚ್ಚುತ್ತಾರೆ.

ಭಾಷೆಗೂ ಇದೇ ಶಿಸ್ತು. ಹತ್ತನೆಯ ಶತಮಾನದ ಉದ್ಧರಣೆಯಲ್ಲಿ ‘ಪೊೞ್ತು’, ‘ಕೊೞಲ್’ ಬರಬೇಕು. ಹದಿನಾರನೆಯದರಲ್ಲಿ ‘ಹೊತ್ತು’, ‘ಕೊಳಲು’. ಹಳಗನ್ನಡ ಕೈಹಿಡಿಯದಿದ್ದರೆ ಉದ್ಧರಣೆಯನ್ನು ಒಂದೇ ಸಾಲಿಗೆ ನಿಲ್ಲಿಸಿ, ಉಳಿದದ್ದು ‘ಓಲೆ ತುಂಡಾಗಿದೆ’ ಎನ್ನಿ. ಲಕ್ಕುಂಡಿಯ ವಸ್ತುಸಂಗ್ರಹಾಲಯದಲ್ಲಿ ಶಾಸನದ ಕಲ್ಲುಗಳನ್ನು ಎದುರಿಗೆ ನಿಂತು ನೋಡಬಹುದು. ಅಕ್ಷರ ಎಲ್ಲೆಲ್ಲಿ ಸವೆಯುತ್ತದೆ, ಕಲ್ಲು ಎಲ್ಲಿ ಒಡೆಯುತ್ತದೆ ಎಂಬುದನ್ನು ನೋಡಿ ಬಂದು ಬರೆದ ತುಂಡು ಉದ್ಧರಣೆಯೇ ಬೇರೆ ರೀತಿ ಇರುತ್ತದೆ.

ಒಂದು ಗಂಭೀರ ಮಾತು. ನೀವು ಕಲ್ಪಿಸಿದ ಶಾಸನವನ್ನು ಗದಗಿನ ತ್ರಿಕೂಟೇಶ್ವರದಂಥ ನಿಜವಾದ ಗುಡಿಯ ಗೋಡೆಗೆ ಅಂಟಿಸಬೇಡಿ, ಫೋಟೊದಂತೆ ಕಾಣುವ ಚಿತ್ರ ಮಾಡಿ ಹರಿಬಿಡಬೇಡಿ. ಗುಂಪುಗಳಲ್ಲಿ ಓಡಾಡಿ ಅದು ಮರುವರ್ಷ ಇತಿಹಾಸವಾಗಿ ಮರಳಿ ಬರುತ್ತದೆ, ಆಮೇಲೆ ಹಿಂದಕ್ಕೆ ತರಲಾಗದು. ಬದುಕಿರುವ ಸಂಪ್ರದಾಯಗಳ, ಸಂಗೀತ ಕಲಿಸುವ ಆಶ್ರಮಗಳ ಹೆಸರಿಗೆ ಮಾಟದ ಕಥೆ ಕಟ್ಟುವುದೂ ಸಲ್ಲ. ಗುಡಿ, ಊರು, ಮಠ ಎಲ್ಲವನ್ನೂ ಕಲ್ಪಿಸಿಕೊಳ್ಳಿ. ಬಿಸಿಲು, ಮಣ್ಣು, ಮಾತು ಮಾತ್ರ ಇಲ್ಲಿಯವಿರಲಿ.

ಹಂತ 6: ನಮೂದಿನ ಅಚ್ಚು

ಪ್ರತಿ ಕಾರ್ಡಿಗೂ ಒಂದೇ ಅಚ್ಚು: ಪದ, ಅರ್ಥ, ಅಳತೆ, ಸಾಧನ, ಬೆಲೆ, ನಿಷೇಧ, ಪ್ರಯೋಗ, ‘ನೋಡಿ’. ಮಾದರಿ:

ಇಳಿಜಾವ (ನಾ.) ಹಗಲಿನ ಮೂರನೆಯ ಜಾವದ ಕೊನೆಯ ಗಳಿಗೆಯನ್ನು ತಂತಿನಾದದಿಂದ ತಡೆದು ನಿಲ್ಲಿಸುವ ಕ್ರಿಯೆ. ಅಳತೆ: 1440 ಮಿಡಿತ. ಸಾಧನ: ಎರಡು ತಂತಿ, ಒಂದು ಗಳಿಗೆ ಬಟ್ಟಲು. ಬೆಲೆ: ನಾಲ್ಕನೆಯ ಜಾವದ ಒಂದು ಗಳಿಗೆ. ನಿಷೇಧ: ಬಟ್ಟಲು ವಾಲಿದರೆ ಎಣಿಕೆ ಬಿಡಬೇಕು. ಪ್ರಯೋಗ: ‘ಇಳಿಜಾವಕ್ಕ ಕುಂತಾಕಿನ್ನ ಎಬ್ಬಸಬ್ಯಾಡ್ರಿ, ಎಣಿಕಿ ತಪ್ತೈತಿ’ (ಗದಗ ಸೀಮೆ). ನೋಡಿ: ಎಣಿಕೆಮುರಿ, ಮಿಡಿತ.

ಅರ್ಥ ಗ್ರಾಂಥಿಕವಾಗಿ, ಪ್ರಯೋಗ ಆಡುಮಾತಿನಲ್ಲಿ ಇರಲಿ. ಇವೆರಡರ ನಡುವಿನ ದೂರವೇ ಓದುಗರಿಗೆ ಆ ವಿದ್ಯೆ ಬಳಕೆಯಲ್ಲಿತ್ತು ಎಂದು ನಂಬಿಸುತ್ತದೆ. ಪದಗಳನ್ನು ಸಂಸ್ಕೃತದಲ್ಲೇ ಕಟ್ಟಬೇಡಿ. ‘ಕಾಲಸ್ತಂಭನನಾದವಿಧಿ’ಯಂಥ ಮೂರು ಪದ ಒಟ್ಟಿಗೆ ಬಂದರೆ ನಾಲ್ಕನೆಯದನ್ನು ಯಾರೂ ಓದುವುದಿಲ್ಲ.

ಕಾರ್ಡುಗಳನ್ನು ನೆಲಕ್ಕೆ ಹರಡಿ ‘ನೋಡಿ’ ಸೂಚನೆಗಳಿಗೆ ದಾರ ಎಳೆಯಿರಿ. ಯಾವ ದಾರವೂ ಬಾರದ ಕಾರ್ಡನ್ನು ತೆಗೆದುಹಾಕಿ, ಅಥವಾ ಅದಕ್ಕೊಂದು ನಂಟು ಹುಡುಕಿ. ಎರಡು ಕಾರ್ಡು ಒಂದನ್ನೊಂದು ತೋರಿಸಿ ಸುಮ್ಮನಾದರೆ ಅದು ಕುರುಡು ಸುತ್ತು, ಒಡೆಯಲೇಬೇಕು. ಅಕಾರಾದಿಗೆ ಕಂಪ್ಯೂಟರನ್ನು ಪೂರ್ತಿ ನಂಬಬೇಡಿ. ಸೊನ್ನೆ ಇರುವ ಪದಗಳನ್ನು, ಕ್ಷ-ಜ್ಞ ಅಕ್ಷರಗಳನ್ನು, ಹಳಗನ್ನಡದ ೞ-ಱಗಳನ್ನು ಎಲ್ಲಿಡಬೇಕೆಂದು ಮೊದಲೇ ಬರೆದಿಟ್ಟುಕೊಂಡು ಕೈಯಿಂದ ಸರಿಪಡಿಸಿ.

ಹಂತ 7: ವಿದ್ವಾಂಸರ ಜಗಳ

ಒಮ್ಮತದ ಕೋಶವನ್ನು ಯಾರೂ ನಂಬುವುದಿಲ್ಲ. ಹತ್ತು ನಮೂದಿಗೆ ಒಂದರಂತೆ ಭಿನ್ನಾಭಿಪ್ರಾಯ ಇಡಿ. ಆದರೆ ಜಗಳ ಅಳತೆಯಿಂದಲೇ ಹುಟ್ಟಬೇಕು. ಒಬ್ಬ ಸಂಪಾದಕನಿಗೆ ಜಾವ ಎಂದರೆ ಸದಾ ಏಳೂವರೆ ಗಳಿಗೆ. ಇನ್ನೊಬ್ಬನಿಗೆ ಹಗಲಿನ ಕಾಲುಭಾಗ. ಡಿಸೆಂಬರ್‌ನ ಇಳಿಜಾವ ಇಬ್ಬರ ಲೆಕ್ಕದಲ್ಲೂ ಬೇರೆ ಹೊತ್ತಿಗೆ ಬರುತ್ತದೆ, ಒಬ್ಬನ ಶಿಷ್ಯ ಮಾತ್ರ ಬದುಕುತ್ತಾನೆ. ಉದ್ದೇಶಪೂರ್ವಕ ತಪ್ಪುಗಳ ಪಟ್ಟಿಯನ್ನು ಬೇರೆ ಹಾಳೆಯಲ್ಲಿ ಬರೆದಿಡಿ. ಇಲ್ಲದಿದ್ದರೆ ಆರು ತಿಂಗಳ ನಂತರ ಯಾವುದು ಸಂಪಾದಕನ ತಪ್ಪು, ಯಾವುದು ನಿಮ್ಮದು ಎಂದು ನಿಮಗೇ ತಿಳಿಯುವುದಿಲ್ಲ.

ಹಂತ 8: ಪರೀಕ್ಷೆ ಮತ್ತು ಕೆಡುವ ಲಕ್ಷಣಗಳು

ಕೋಶವನ್ನು ಓದದ ಒಬ್ಬರಿಗೆ ಹತ್ತು ಕಾರ್ಡು ಕೊಟ್ಟು ಒಂದು ಪ್ರಶ್ನೆ ಕೇಳಿ: ‘ಕಾರ್ತಿಕದ ಅಮಾವಾಸ್ಯೆಯ ರಾತ್ರಿ ಎರಡನೆಯ ಜಾವದಲ್ಲಿ ಅರ್ಧ ಗಳಿಗೆ ಕಾಲ ತಡೆಯಲು ಏನು ಬೇಕು, ಎಷ್ಟು ತೆರಬೇಕು?’ ಕಾರ್ಡು ನೋಡಿಯೇ 720 ಮಿಡಿತ, ಮೂರನೆಯ ಜಾವದ ಅರ್ಧ ಗಳಿಗೆ ಎಂದು ಹೇಳಿದರೆ ಕೋಶ ನಿಂತಿತು. ನಿಮ್ಮನ್ನು ಕೇಳಬೇಕಾಗಿ ಬಂದರೆ ಯಾವ ಕಾರ್ಡಿನಲ್ಲಿ ತಡೆದರೋ ಆ ಕಾರ್ಡನ್ನು ಮತ್ತೆ ಬರೆಯಿರಿ.

ಕೆಡುವ ಲಕ್ಷಣಗಳಲ್ಲಿ ಮೊದಲು ಕಾಣುವುದು ಬೆಲೆಯ ಕಲಂ ಖಾಲಿ ಉಳಿಯುವುದು. ಎರಡನೆಯದು ‘ಅಪಾರ’, ‘ಅಗಾಧ’, ‘ಅನಂತ’ ಪದಗಳು ಅಳತೆಯ ಕಲಂಗೆ ನುಗ್ಗುವುದು. ಒಬ್ಬನೇ ಮಹಾಮಾಂತ್ರಿಕನ ಹೆಸರು ಐದು ಕಾರ್ಡಿನಲ್ಲಿ ಬಂದರೆ ನೀವು ಕೋಶ ಬಿಟ್ಟು ಚರಿತ್ರೆ ಬರೆಯುತ್ತಿದ್ದೀರಿ. ಇಂಥದ್ದು ಕಂಡಾಗ ಹೊಸ ನಮೂದು ನಿಲ್ಲಿಸಿ ಎರಡನೆಯ ಹಂತದ ಪಟ್ಟಿಗೆ ಮರಳಿ, ತಪ್ಪಿದ ಅಳತೆಯನ್ನು ಹುಡುಕಿ, ಅದನ್ನು ಮುಟ್ಟಿದ ಎಲ್ಲ ಕಾರ್ಡುಗಳ ಮೂಲೆಗೆ ಕೆಂಪು ಗುರುತು ಹಾಕಿ ಒಂದೊಂದಾಗಿ ತಿದ್ದಿ.